ಹೆಣ್ಣಿಗ ಅಂದವರ ಎದುರೇ ಮಾತಾಡಿ

ರಾಜಾಜಿನಗರದ ಓದುಗರೊಬ್ಬರ ಪತ್ರ: ‘ನನ್ನ ಮಗ ಎಂಟನೇ ಕ್ಲಾಸು. ಸಂಕ್ರಾಂತಿ ಬೆಳಗ್ಗೆ ಬಾಗಿಲ ಮುಂದೆ ರಂಗೋಲಿ ಹಾಕಿದ. ಅವನ ಸೋದರಮಾವ “ಏನೋ ಹೆಣ್ಣಿಗ, ಬಳೆನೂ ತೊಟ್ಕೋ” ಅಂದರು. ಎಲ್ಲರೂ ನಕ್ಕರು. ನಾನೂ ನಕ್ಕೆ. ಅವತ್ತಿಂದ ಅವನು ರಂಗೋಲಿ ಪುಡಿ ಮುಟ್ಟಿಲ್ಲ. ಮಾತಾಡುವಾಗ ಎರಡೂ ಕೈ ಜೇಬಿನಲ್ಲಿ. ತಮಾಷೆಯ ಒಂದು ಮಾತಿಗೆ ಇಷ್ಟೆಲ್ಲ ಆಗುತ್ತಾ? ಇವನು ಬೇರೆ ಥರ ಇರಬಹುದಾ?’

ಆಗುತ್ತೆ ಸರ್. ನನ್ನ ಅಕ್ಕನಿಗೆ ಮನೆಯಲ್ಲಿ ಗಂಡುಬೀರಿ ಅಂತ ಹೆಸರಿಟ್ಟಿದ್ದರು. ಸೀಟಿ ಹೊಡೆಯುತ್ತಿದ್ದಳು, ಬೀದಿಗೆ ಕೇಳುವ ಹಾಗೆ ನಗುತ್ತಿದ್ದಳು, ಅಷ್ಟೇ ತಪ್ಪು. ಈಗ ಅವಳಿಗೆ ಐವತ್ತೆಂಟು. ಹಾಗೆ ಕರೆದ ಅಜ್ಜಿ ತೀರಿಕೊಂಡು ಮೂವತ್ತು ವರ್ಷವಾಯಿತು. ಇವತ್ತಿಗೂ ಜೋರಾಗಿ ನಗು ಬಂದರೆ ಅಕ್ಕನ ಸೆರಗು ತಾನಾಗಿ ಬಾಯಿಗೆ ಹೋಗುತ್ತೆ. ಬೈದವರು ಹೋದ ಮೇಲೂ ಅವಳನ್ನು ಅವಳೇ ಕಾಯುತ್ತಿದ್ದಾಳೆ. ನಿಮ್ಮ ಮಗನ ಕೈ ಜೇಬಿಗೆ ಹೋದದ್ದೂ ಹೀಗೆಯೇ.

ಆ ಬಳೆಯ ಮಾತು ನನ್ನನ್ನು ಕಾಡಿತು. ಇದೇ ಬೆಂಗಳೂರಲ್ಲಿ ಚೈತ್ರ ಹುಣ್ಣಿಮೆಯ ರಾತ್ರಿ ತಿಗಳರಪೇಟೆಯ ಧರ್ಮರಾಯಸ್ವಾಮಿ ದೇವಸ್ಥಾನದಿಂದ ಕರಗ ಹೊರಡುತ್ತೆ. ಹೊರುವವರು ತಿಗಳ ಸಮುದಾಯದ ಗಂಡಸು. ಸೀರೆ ಉಟ್ಟು, ಬಳೆ ತೊಟ್ಟು ಬರುತ್ತಾರೆ. ಕತ್ತಿ ಹಿಡಿದ ವೀರಕುಮಾರರು ಸುತ್ತ ಕಾವಲಿರುತ್ತಾರೆ. ನಾವು ಮಲ್ಲಿಗೆ ಎರಚಿ, ದ್ರೌಪದಮ್ಮ ಅಂತ ಕೈ ಮುಗಿಯುತ್ತೇವೆ. ಬೆಳಗಾದರೆ ಅದೇ ಬಳೆ ನಮ್ಮ ಬಾಯಲ್ಲಿ ಬೈಗುಳ. ಹದಿಮೂರರ ಹುಡುಗ ಇದರಲ್ಲಿ ಏನು ಅಂತ ಅರ್ಥ ಮಾಡಿಕೊಳ್ಳಬೇಕು, ಹೇಳಿ? ಹೆಣ್ಣಿನ ಹಾಗಿರುವುದು ನಾಚಿಕೆ ಅಂತ ತಾನೇ? ಆ ಮಾತು ಅಲ್ಲೇ ನಿಂತು ನಗುತ್ತಿದ್ದ ಅವನ ಅಮ್ಮನಿಗೂ ತಗುಲಿತು.

ಬೇರೆ ಥರವಾ ಅಂತ ಕೇಳಿದ್ದೀರಿ. ರಂಗೋಲಿ ನೋಡಿ ಅದನ್ನು ಹೇಳಲು ಆಗಲ್ಲ. ಒಂದು ಹಣೆಪಟ್ಟಿ ಕೀಳುವ ಮೊದಲೇ ಇನ್ನೊಂದು ಅಂಟಿಸಬೇಡಿ. ಮುಂದೆ ಯಾವತ್ತಾದರೂ ತನ್ನ ಬಗ್ಗೆ ಅವನೇ ಏನಾದರೂ ಹೇಳಿದರೆ, ಸುಮ್ನೆ ಕೂತು ಕೇಳಿಸಿಕೊಳ್ಳಿ. ತಾನು ಗಂಡೋ, ಹೆಣ್ಣೋ, ತೃತೀಯ ಲಿಂಗಿಯೋ ಅಂತ ಹೇಳುವ ಹಕ್ಕು ಆ ವ್ಯಕ್ತಿಯದೇ ಎಂದು ಸುಪ್ರೀಂ ಕೋರ್ಟ್ 2014ರಲ್ಲೇ ತೀರ್ಪು ಕೊಟ್ಟಿದೆ.

ಈಗ ಮಾಡಬೇಕಾದ್ದು: ‘ಅವತ್ತು ನಾನು ನಕ್ಕಿದ್ದು ತಪ್ಪು ಕಣೋ’ ಅಂತ ಅವನಿಗೆ ಹೇಳಿ. ಇವತ್ತೇ ಹೇಳಿ. ರಂಗೋಲಿ ಹಾಕು ಅಂತ ಒತ್ತಾಯ ಮಾಡಬೇಡಿ. ಊಟ, ನಿದ್ದೆ ಕೆಟ್ಟಿದ್ದರೆ, ಶಾಲೆಗೆ ಹೋಗಲ್ಲ ಅನ್ನುತ್ತಿದ್ದರೆ, ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಫೋನ್ ಮಾಡಿ. ಕನ್ನಡದಲ್ಲೇ ಮಾತಾಡಬಹುದು, ದುಡ್ಡು ಕೊಡಬೇಕಿಲ್ಲ.

ಇನ್ನು ನಿಮ್ಮ ಭಾವಮೈದ. ಅವರನ್ನು ಪಕ್ಕಕ್ಕೆ ಕರೆದು ಪಿಸುಗುಟ್ಟಿದರೆ ಸಾಲದು. ಅವರು ಅಂದದ್ದು ಎಲ್ಲರ ಮುಂದೆ. ಮುಂದಿನ ಸಲ ಬಂದಾಗ, ನೀವು ಹೇಳುವ ಮಾತೂ ಮಗನ ಕಿವಿಗೆ ಬೀಳಲಿ.