‘ಮಗು ನನ್ನದಲ್ಲ’ ಅಂದುಬಿಟ್ಟರೆ ಜೀವನಾಂಶ ತಪ್ಪುತ್ತದಾ?

ಪ್ರಶ್ನೆ: ಮದುವೆಯಾಗಿ ಆರು ವರ್ಷ, ಮಗಳಿಗೆ ಮೂರು. ಗಂಡನಿಗೆ ಬೇರೆ ಊರಲ್ಲಿ ಕೆಲಸ, ರಜೆ ಸಿಕ್ಕಾಗ ಬಂದು ಹೋಗುತ್ತಿದ್ದರು. ಈಗ ಜಗಳವಾದ ಮೇಲೆ ‘ಮಗು ನನ್ನದಲ್ಲ, ಮೊದಲು ಡಿಎನ್‌ಎ ಮಾಡಿಸು, ಆಮೇಲೆ ದುಡ್ಡಿನ ಮಾತು’ ಎನ್ನುತ್ತಿದ್ದಾರೆ. ಎಂಟು ತಿಂಗಳಿಂದ ಒಂದು ರೂಪಾಯಿ ಕಳಿಸಿಲ್ಲ. ಪರೀಕ್ಷೆಗೆ ನಾನು ಒಪ್ಪಲೇಬೇಕಾ?

ಉತ್ತರ: ಮೊದಲು ದುಡ್ಡಿನ ವಿಷಯ. ಡಿಎನ್‌ಎ ಆಗುವವರೆಗೆ ನೀವು ಕಾಯಬೇಕಿಲ್ಲ. ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 144ನೇ ಕಲಂ, ಅಂದರೆ ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ (ಸಿಆರ್‌ಪಿಸಿ) 125, ಇದರಡಿ ನೀವಿರುವ ಕಡೆಯ ಕೌಟುಂಬಿಕ ನ್ಯಾಯಾಲಯದಲ್ಲೇ ಅರ್ಜಿ ಹಾಕಬಹುದು. ಜೊತೆಗೇ ಮಧ್ಯಂತರ ಜೀವನಾಂಶವನ್ನೂ, ಅಂದರೆ ಕೇಸು ಮುಗಿಯುವವರೆಗಿನ ಜೀವನಾಂಶವನ್ನೂ ಕೇಳಿ. ಗಂಡನಿಗೆ ನೋಟಿಸ್ ತಲುಪಿದ 60 ದಿನದೊಳಗೆ ಆದಷ್ಟೂ ಅದನ್ನು ತೀರ್ಮಾನಿಸಬೇಕು ಅಂತ ಕಾನೂನೇ ಹೇಳುತ್ತದೆ. ಎಷ್ಟೋ ಸಲ ಅದಕ್ಕಿಂತ ಜಾಸ್ತಿ ಹಿಡಿಯುತ್ತದೆ, ಆದರೂ ಪಟ್ಟು ಬಿಡಬೇಡಿ.

ಇನ್ನು ಅವರ ಆರೋಪ. ಮದುವೆ ಊರ್ಜಿತದಲ್ಲಿರುವಾಗ ಹುಟ್ಟಿದ ಮಗು ಗಂಡನದ್ದೇ ಅಂತ ಭಾರತೀಯ ಸಾಕ್ಷ್ಯ ಅಧಿನಿಯಮದ 116ನೇ ಕಲಂ ಹೇಳುತ್ತದೆ. ಅಲ್ಲ ಅನ್ನುವವರು, ಮಗು ಹೊಟ್ಟೆಗೆ ಬಂದ ಸಮಯದಲ್ಲಿ ಇಬ್ಬರೂ ಸೇರುವ ಅವಕಾಶವೇ ಇರಲಿಲ್ಲ ಅಂತ ಸಾಬೀತು ಮಾಡಬೇಕು. ಆ ಹೊರೆ ಅವರದ್ದು. ‘ನಾನು ಬೇರೆ ಊರಲ್ಲಿದ್ದೆ’ ಅಂದರೆ ಸಾಲದು, ಆ ನಡುವೆ ನಾಲ್ಕು ದಿನ ರಜೆಗೆ ಬಂದಿದ್ದರೂ ಅವರ ವಾದ ನಿಲ್ಲುವುದು ಕಷ್ಟ. ಹಾಗಾಗಿ ಆ ತಿಂಗಳ ಟಿಕೆಟ್ ಮೆಸೇಜು, ಮನೆಯಲ್ಲಿ ಒಟ್ಟಿಗೆ ತೆಗೆಸಿಕೊಂಡ ಫೋಟೊ, ಹೆರಿಗೆ ವೇಳೆ ಆಸ್ಪತ್ರೆ ಫಾರಂನಲ್ಲಿ ಅವರು ಹಾಕಿದ ಸಹಿ, ಎಲ್ಲ ಹುಡುಕಿ ಎತ್ತಿಡಿ. ಹಳೇ ಫೋನ್ ಇದ್ದರೆ ಯಾರಿಗೂ ಕೊಡಬೇಡಿ.

ಸುಮ್ನೆ ಅನುಮಾನ ಅಂತ ಕೇಳಿದ ತಕ್ಷಣ ಕೋರ್ಟು ಡಿಎನ್‌ಎಗೆ ಆದೇಶ ಕೊಡುವುದಿಲ್ಲ. ತಂದೆ ಯಾರೆಂದು ರಕ್ತಪರೀಕ್ಷೆಯಿಂದ ನೋಡುತ್ತಿದ್ದ ಕಾಲದಲ್ಲೇ, 1993ರಲ್ಲಿ, ಸುಪ್ರೀಂ ಕೋರ್ಟ್ ಇದನ್ನು ಹೇಳಿದೆ. ಮಗುವಿಗೆ ಅಂಟುವ ಕಳಂಕವನ್ನೂ ನ್ಯಾಯಾಧೀಶರು ತೂಗಿ ನೋಡಬೇಕು. ಮೂರು ವರ್ಷದ ಕೂಸು ಏನು ತಪ್ಪು ಮಾಡಿದೆ ಹೇಳಿ?

ಆದರೆ ಒಂದು ಮಾತು ಮುಚ್ಚಿಡಲಾರೆ. ಕೋರ್ಟು ಆದೇಶ ಕೊಟ್ಟ ಮೇಲೂ ನೀವು ಒಪ್ಪದಿದ್ದರೆ, ಬಲವಂತವಾಗಿ ಸ್ಯಾಂಪಲ್ ತೆಗೆಯದಿದ್ದರೂ, ಅದನ್ನು ನಿಮ್ಮ ವಿರುದ್ಧ ಪರಿಗಣಿಸಬಹುದು. ಪರೀಕ್ಷೆ ನಡೆದು ‘ತಂದೆ ಇವರಲ್ಲ’ ಅಂತ ಬಂದರೆ, ವಿಜ್ಞಾನದ ಸಾಕ್ಷ್ಯಕ್ಕೇ ಬೆಲೆ ಅಂತ 2014ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆ ಪ್ರಕರಣದಲ್ಲಿ ಮಗುವಿನ ಜೀವನಾಂಶ ನಿಂತಿತು, ಅದುವರೆಗೆ ಕೊಟ್ಟಿದ್ದನ್ನು ವಾಪಸ್ ಕೇಳುವಂತಿಲ್ಲ ಅಂತಲೂ ಆಯಿತು. ಹಾಗಾಗಿ ವಕೀಲರ ಹತ್ತಿರ ಏನನ್ನೂ ಮರೆಮಾಚಬೇಡಿ. ಮನೆಮಂದಿಯ ಒತ್ತಡಕ್ಕೆ ಖಾಸಗಿ ಲ್ಯಾಬಿಗೆ ಹೋಗಿ ಪರೀಕ್ಷೆ ಮಾಡಿಸಲೂ ಬೇಡಿ.

ರಾಜಿ ಆಗಬಹುದು ಅಂತ ಕಾದು ಎಂಟು ತಿಂಗಳು ಕಳೆದಿದ್ದೀರಿ, ಅಲ್ವಾ? ಸುಪ್ರೀಂ ಕೋರ್ಟಿನ 2020ರ ತೀರ್ಪಿನ ಪ್ರಕಾರ ಜೀವನಾಂಶ ಲೆಕ್ಕ ಹಾಕುವುದು ಅರ್ಜಿ ಕೊಟ್ಟ ದಿನದಿಂದ. ರಾಜಿ ಮಾತು ಆಮೇಲೂ ನಡೆಯಲಿ, ಈ ವಾರವೇ ಅರ್ಜಿ ಹಾಕಿ.