ಬಿ.ಡಿ. ಜತ್ತಿ ಶಾಸಕರಾಗಿ, ಮುಖ್ಯಮಂತ್ರಿಯಾಗಿ ಏನು ಮಾಡಿದರು?

ನಿಮ್ಮ ಪ್ರಶ್ನೆ ನೋಡಿ ಸುಮ್ನೆ ಮುಂದೆ ಹೋಗಲು ಮನಸ್ಸಾಗಲಿಲ್ಲ. ಪರೀಕ್ಷೆಯ ಗೈಡಿನಲ್ಲಿ ಜತ್ತಿಯವರ ಬಗ್ಗೆ "ಹಂಗಾಮಿ ರಾಷ್ಟ್ರಪತಿಯಾದ ಕನ್ನಡಿಗ" ಅಂತ ಒಂದೇ ಸಾಲು ಇದೆ, ಅದಕ್ಕೂ ಮುಂಚೆ ಅವರು ಜಮಖಂಡಿ ಶಾಸಕರಾಗಿ ಏನು ಮಾಡಿದರು ಅಂತ ಕೇಳಿದ್ದೀರಿ. ನಾನು ಜಮಖಂಡಿ ತಾಲ್ಲೂಕಿನವನು, ಸಾವಳಗಿ ಕಡೆಯವನು. ಅವರ ಹುಟ್ಟೂರೂ ಸಾವಳಗಿಯೇ. ನಮ್ಮ ಹೊಲದ ಉತಾರಕ್ಕೂ (ಪಹಣಿಗೂ) ಅವರ ಹೆಸರಿಗೂ ಒಂದು ನಂಟಿದೆ. ಹಾಗಾಗಿ ಉತ್ತರ ಸ್ವಲ್ಪ ಉದ್ದವಾಗುತ್ತದೆ, ಓದಿ.

ಬಸಪ್ಪ ದಾನಪ್ಪ ಜತ್ತಿ ಹುಟ್ಟಿದ್ದು 1912ರ ಸೆಪ್ಟೆಂಬರ್ 10ಕ್ಕೆ. ತಂದೆಯದು ಕಿರಾಣಿ ಅಂಗಡಿ. ಕೊಲ್ಲಾಪುರದಲ್ಲಿ ಕಾನೂನು ಓದಿ, ಜಮಖಂಡಿಗೆ ಬಂದು ವಕೀಲಿ ಶುರು ಮಾಡಿದರು. ಆಗ ಜಮಖಂಡಿ ಪಟವರ್ಧನ ರಾಜರ ಸಂಸ್ಥಾನ. 1940ರಲ್ಲಿ ಅಲ್ಲಿನ ಪುರಸಭೆಗೆ ಸದಸ್ಯರಾದರು, ಆಮೇಲೆ ಅಧ್ಯಕ್ಷರಾದರು, ಸಂಸ್ಥಾನದ ಶಾಸನಸಭೆಗೆ ಹೋದರು, ಮಂತ್ರಿಯಾದರು, ಕೊನೆಗೆ ಸಂಸ್ಥಾನದ ಮುಖ್ಯಮಂತ್ರಿಯೂ ಆದರು. ಅಷ್ಟರಲ್ಲಿ ಸಂಸ್ಥಾನವೇ ಇಲ್ಲವಾಯಿತು. 1948ರ ಮಾರ್ಚ್‌ನಲ್ಲಿ ಜಮಖಂಡಿ ಭಾರತದಲ್ಲಿ ವಿಲೀನವಾಯಿತು, ಅವರು ಮತ್ತೆ ಕರಿಕೋಟು ಹಾಕಿಕೊಂಡು ಕೋರ್ಟಿಗೆ ಹೊರಟರು. ಮುಖ್ಯಮಂತ್ರಿ ಅಂತ ಕರೆಸಿಕೊಂಡವರು ಅದೇ ಊರಿನಲ್ಲಿ ಕಕ್ಷಿದಾರರ ಕಾಗದ ನೋಡುತ್ತಾ ಕೂತರು ಅನ್ನೋದು ನನಗೆ ತುಂಬಾ ಹಿಡಿಸುವ ವಿಷಯ.

ಅದಾದ ಮೇಲೆ ವಿಲೀನವಾದ ಭಾಗದ ಪ್ರತಿನಿಧಿಯಾಗಿ ಮುಂಬಯಿ ವಿಧಾನಸಭೆಗೆ ಹೋದರು. ಆಗ ನಮ್ಮ ವಿಜಾಪುರ ಜಿಲ್ಲೆ ಮುಂಬಯಿ ಪ್ರಾಂತದಲ್ಲಿತ್ತು, ಬಾಗಲಕೋಟೆ ಜಿಲ್ಲೆ ಬೇರೆಯಾಗಿದ್ದು ತೀರಾ ಈಚೆಗೆ, 1997ರಲ್ಲಿ. ಬಿ.ಜಿ. ಖೇರ್ ಮುಖ್ಯಮಂತ್ರಿಯಾಗಿದ್ದಾಗ ಸಂಸದೀಯ ಕಾರ್ಯದರ್ಶಿ, 1952ರ ಚುನಾವಣೆ ಗೆದ್ದ ಮೇಲೆ ಮೊರಾರ್ಜಿ ದೇಸಾಯಿ ಸರ್ಕಾರದಲ್ಲಿ ಆರೋಗ್ಯ ಮತ್ತು ಕಾರ್ಮಿಕ ಖಾತೆಯ ಉಪಮಂತ್ರಿ. ಮೊರಾರ್ಜಿ ಹೆಸರು ನೆನಪಿಟ್ಟುಕೊಳ್ಳಿ, ಕೊನೆಗೆ ಮತ್ತೆ ಬರುತ್ತದೆ.

ಈಗ ನಿಜವಾದ ಉತ್ತರಕ್ಕೆ ಬರುತ್ತೇನೆ. 1956ರ ನವೆಂಬರ್ 1ಕ್ಕೆ ಕನ್ನಡದ ಭಾಗಗಳೆಲ್ಲ ಸೇರಿ ಮೈಸೂರು ರಾಜ್ಯ ಒಂದಾಯಿತು. ರಾಜ್ಯ ಒಂದಾದರೂ ಕಾಯ್ದೆ ಒಂದಾಗಿರಲಿಲ್ಲ. ಹಳೇ ಮೈಸೂರಿನಲ್ಲಿ ಗೇಣಿಗೆ ಒಂದು ಕಾನೂನು, ನಮ್ಮ ಮುಂಬಯಿ ಭಾಗಕ್ಕೆ 1948ರ ಕುಳ ಕಾಯ್ದೆ (ಕುಳ ಅಂದರೆ ಗೇಣಿದಾರ), ಹೈದರಾಬಾದ್ ಭಾಗಕ್ಕೆ ಇನ್ನೊಂದು, ದಕ್ಷಿಣ ಕನ್ನಡದಲ್ಲಿ ಮದ್ರಾಸಿನ ರೀತಿ, ಕೊಡಗಿನದೇ ಬೇರೆ. ಇದನ್ನೆಲ್ಲ ಒಟ್ಟಿಗೆ ನೋಡಿ ಇಡೀ ರಾಜ್ಯಕ್ಕೆ ಒಂದೇ ಕಾಯ್ದೆ ಹೇಗಿರಬೇಕು ಅಂತ ಹೇಳಲು 1957ರಲ್ಲಿ ಒಂದು ಸಮಿತಿ ಮಾಡಿದರು. ಅದರ ಅಧ್ಯಕ್ಷರು ಜಮಖಂಡಿ ಶಾಸಕ ಜತ್ತಿ. ಅದಕ್ಕೇ ಅದಕ್ಕೆ ಜತ್ತಿ ಸಮಿತಿ ಅಂತಲೇ ಹೆಸರು. ಅದೇ ವರ್ಷ ವರದಿಯನ್ನೂ ಕೊಟ್ಟರು. 1958ರ ಮೇ 16ಕ್ಕೆ ನಿಜಲಿಂಗಪ್ಪನವರ ಜಾಗಕ್ಕೆ ಜತ್ತಿಯವರೇ ಮುಖ್ಯಮಂತ್ರಿಯಾದರು. ಅಂದರೆ ವರದಿ ಬರೆದವರ ಕೈಗೇ ಅದನ್ನು ಕಾಯ್ದೆ ಮಾಡುವ ಅಧಿಕಾರ ಬಂತು. ಹೀಗಾಗೋದು ಅಪರೂಪ ಅಲ್ವಾ?

ಬಿಲ್ ಅದೇ ವರ್ಷ ಬಂತು. ಆದರೆ ಅದು ಹಾದುಹೋದ ದಾರಿ ಉದ್ದ. ಕಾಯ್ದೆಯ ಹೆಸರು ಮೈಸೂರು ಭೂ ಸುಧಾರಣಾ ಕಾಯ್ದೆ, 1961. ರಾಷ್ಟ್ರಪತಿಗಳ ಅಂಕಿತ ಬಿದ್ದಿದ್ದು 1962ರ ಮಾರ್ಚ್‌ನಲ್ಲಿ, ಜತ್ತಿಯವರು ಕುರ್ಚಿ ಬಿಟ್ಟ ತಿಂಗಳಲ್ಲೇ. ಜಾರಿಗೆ ಬಂದಿದ್ದು 1965ರ ಅಕ್ಟೋಬರ್ 2ಕ್ಕೆ. ಗೇಣಿಗೆ ಮಿತಿ, ಹಿಡುವಳಿಗೆ ಮಿತಿ, ಉಳುವವನನ್ನು ಮನಸ್ಸಿಗೆ ಬಂದಂತೆ ಎಬ್ಬಿಸಬಾರದು ಅನ್ನೋ ನಿಯಮ, ಎಲ್ಲ ಅದರಲ್ಲಿತ್ತು. ಆದರೆ "ನಾನೇ ಸ್ವಂತ ಸಾಗುವಳಿ ಮಾಡುತ್ತೇನೆ" ಅಂತ ಹೇಳಿ ಒಡೆಯರು ಒಂದಷ್ಟು ಜಮೀನು ವಾಪಸ್ ತೆಗೆದುಕೊಳ್ಳಲು ಬಾಗಿಲೂ ಇತ್ತು. ಅದು ಈ ಕಾಯ್ದೆಯ ದೊಡ್ಡ ದೋಷ. ಜತ್ತಿಯವರ ಮೇಲೆ ಎಷ್ಟೇ ಅಭಿಮಾನ ಇದ್ದರೂ ಇದನ್ನು ಮುಚ್ಚಿಡಲಾರೆ, ಯಾಕಂದರೆ ನಮ್ಮ ಮನೆ ಅದನ್ನು ಉಂಡಿದೆ.

ನಮ್ಮ ಅಜ್ಜ ಆರು ಎಕರೆ ಹೊಲವನ್ನು ಲಾವಣಿಗೆ, ಅಂದರೆ ಗೇಣಿಗೆ, ಮಾಡುತ್ತಿದ್ದರು. ಬಿಳಿಜೋಳದ ರಾಶಿ ಆದ ದಿನ ಒಡೆಯರ ಮನೆಯವರು ಕಣಕ್ಕೇ ಬಂದು ನಿಲ್ಲುತ್ತಿದ್ದರಂತೆ, ಅವರ ಚೀಲ ತುಂಬಿ ಗಾಡಿಗೆ ಏರಿದ ಮೇಲೆ ನಮ್ಮ ಚೀಲದ ಬಾಯಿ ಬಿಚ್ಚಬೇಕು. ಹೊಸ ಕಾಯ್ದೆ ಬರುತ್ತದೆ ಅಂತ ಸುದ್ದಿ ಹಬ್ಬಿದ್ದೇ ತಡ, ಎರಡು ಎಕರೆ ಬಿಡಿಸಿಕೊಂಡರು. ಕಾಗದ ಇಲ್ಲ, ಪತ್ರ ಇಲ್ಲ, ಬರೀ ಬಾಯಿಮಾತು. "ಏನ್ ಕೇಳೂದಪಾ, ಅವರ ಮನಿ ಉಪ್ಪು ತಿಂದೀವಿ ಅಂತ ಸುಮ್ಕಾದ್ನಿ" ಅಂತ ಅಜ್ಜ ಹೇಳುತ್ತಿದ್ದರು. ಬಿಲ್ಲಿಗೂ ಜಾರಿಗೂ ನಡುವೆ ಹೋದ ಏಳು ವರ್ಷ ಅಂತ ನಾವು ಓದುತ್ತೇವಲ್ಲ, ಆ ಏಳು ವರ್ಷದಲ್ಲಿ ಹೀಗೆ ಕೈಬಿಟ್ಟುಹೋದ ಹೊಲಗಳ ಲೆಕ್ಕ ಯಾವ ದಫ್ತರದಲ್ಲೂ ಸಿಗುವುದಿಲ್ಲ.

ಇನ್ನೊಂದು ನೋವಿನ ಸಂಗತಿ ಗಡಿಯ ಆಚೆಯದು. ನಮ್ಮೂರಿಂದ ಮಹಾರಾಷ್ಟ್ರ ದೂರವಿಲ್ಲ. ಅಲ್ಲಿ, ಅಂದರೆ ಆಗಿನ ಮುಂಬಯಿ ರಾಜ್ಯದಲ್ಲಿ, 1957ರ ಏಪ್ರಿಲ್ 1ಕ್ಕೇ ಉಳುವ ಕುಳವೇ ಭೂಮಿಯ ಖರೀದಿದಾರ ಅಂತ ಕಾಯ್ದೆ ಹೇಳಿಬಿಟ್ಟಿತು. ನಾವು ಐದೇ ತಿಂಗಳ ಹಿಂದೆ ಮೈಸೂರು ರಾಜ್ಯದ ಕಡೆ ಬಂದಿದ್ದೆವು. ಅಜ್ಜಿಯ ತವರು ಆ ಕಡೆ, ಅವರಣ್ಣನಿಗೆ ಹೊಲ ಸಿಕ್ಕು ಬಾವಿ ತೋಡಿಸಿದಾಗಲೂ ಅಜ್ಜ ಒಡೆಯರ ಗಾಡಿ ತುಂಬುತ್ತಲೇ ಇದ್ದರು.

ನಮಗೆ ಆ ದಿನ ಬಂದಿದ್ದು 1974ರಲ್ಲಿ, ದೇವರಾಜ ಅರಸು ಕಾಲದಲ್ಲಿ. ಮಾರ್ಚ್ 1ರಿಂದ ಗೇಣಿ ಪದ್ಧತಿಯೇ ರದ್ದು, ಗೇಣಿ ಜಮೀನೆಲ್ಲ ಸರ್ಕಾರಕ್ಕೆ, ಉಳುವವನು ಏಳನೇ ನಮೂನೆಯಲ್ಲಿ ಅರ್ಜಿ ಕೊಟ್ಟರೆ ಭೂ ನ್ಯಾಯಮಂಡಳಿ ವಿಚಾರಣೆ ಮಾಡಿ ಹಕ್ಕು ಕೊಡುವ ವ್ಯವಸ್ಥೆ ಬಂತು. ಜನ ಅರಸು ಅವರನ್ನು ನೆನೆಯುವುದು ಸರಿಯೇ. ಆದರೆ ಅರಸು ಹೊಸದಾಗಿ ಕಾಯ್ದೆ ಬರೆಯಲಿಲ್ಲ, 1961ರ ಅದೇ ಕಾಯ್ದೆಗೆ ತಿದ್ದುಪಡಿ ತಂದರು. ಐದು ಭಾಗದ ಐದು ಕಾನೂನು ಹಾಗೇ ಇದ್ದಿದ್ದರೆ ಬೀದರಿನವನಿಗೂ ಜಮಖಂಡಿಯವನಿಗೂ ಉಡುಪಿಯವನಿಗೂ ಒಂದೇ ನಮೂನೆ ಅರ್ಜಿ ಕೊಡೋಕೆ ಆಗುತ್ತಿತ್ತಾ? ಆ ಬುನಾದಿ ಕಟ್ಟಿದ್ದು ಜತ್ತಿ ಸಮಿತಿ. ನಿಮ್ಮ ಪ್ರಶ್ನೆಗೆ ನನ್ನ ಉತ್ತರ ಇದೇ.

ಮುಖ್ಯಮಂತ್ರಿ ಕಾಲದ ಇನ್ನೊಂದು ಕೆಲಸ ಬೇಕಿದ್ದರೆ 1959ರ ಗ್ರಾಮ ಪಂಚಾಯಿತಿ ಮತ್ತು ಲೋಕಲ್ ಬೋರ್ಡ್ ಕಾಯ್ದೆ ಬರೆದುಕೊಳ್ಳಿ, ಪಂಚಾಯಿತಿ ವಿಷಯದಲ್ಲೂ ಇಡೀ ರಾಜ್ಯಕ್ಕೆ ಒಂದೇ ಕಾನೂನು ಬಂದಿದ್ದು ಅಲ್ಲಿಂದ.

1962ರ ರಾಜಕೀಯದಲ್ಲಿ ಬಹಳ ಜನ ಗೊಂದಲ ಮಾಡಿಕೊಳ್ಳುತ್ತಾರೆ, ನಿಮಗೂ ಪರೀಕ್ಷೆಗೆ ಬೇಕಾಗಬಹುದು. ಜತ್ತಿಯವರು ಮಾರ್ಚ್ 9ಕ್ಕೆ ಇಳಿದರು. ಆ ಚುನಾವಣೆಯಲ್ಲಿ ನಿಜಲಿಂಗಪ್ಪ ಹೊಸದುರ್ಗದಲ್ಲಿ ಸೋತಿದ್ದರು. ಹಾಗಾಗಿ ಹುನಗುಂದದ ಎಸ್.ಆರ್. ಕಂಠಿ ಸುಮಾರು ಮೂರು ತಿಂಗಳು ಮುಖ್ಯಮಂತ್ರಿಯಾದರು, ನಿಜಲಿಂಗಪ್ಪ ಬಾಗಲಕೋಟೆಯ ಉಪಚುನಾವಣೆಯಲ್ಲಿ ಗೆದ್ದು ಬಂದಾಗ ಜಾಗ ಬಿಟ್ಟುಕೊಟ್ಟರು. ಅಂದರೆ ಆ ಒಂದು ವರ್ಷದ ಮೂರೂ ಮುಖ್ಯಮಂತ್ರಿಗಳಿಗೆ ಈಗಿನ ಬಾಗಲಕೋಟೆ ಜಿಲ್ಲೆಯ ನಂಟಿದೆ. ಜತ್ತಿಯವರು ಮುನಿಸಿಕೊಂಡು ಮನೆಯಲ್ಲಿ ಕೂರಲಿಲ್ಲ. ನಿಜಲಿಂಗಪ್ಪನವರ ಸಂಪುಟದಲ್ಲೇ ಹಣಕಾಸು ಮಂತ್ರಿಯಾದರು, ಆಮೇಲೆ ಆಹಾರ ಖಾತೆ ನೋಡಿದರು. 1964ರಲ್ಲಿ ಬೆಂಗಳೂರಿನಲ್ಲಿ ಬಸವ ಸಮಿತಿ ಕಟ್ಟಿದರು.

ಮುಂದಿನದು ನಿಮ್ಮ ಗೈಡಿನಲ್ಲೇ ಇರುತ್ತದೆ: ಪಾಂಡಿಚೇರಿಯ ಲೆಫ್ಟಿನೆಂಟ್ ಗವರ್ನರ್, ಒಡಿಶಾ ರಾಜ್ಯಪಾಲ, 1974ರಿಂದ 1979ರವರೆಗೆ ಉಪರಾಷ್ಟ್ರಪತಿ. 1977ರ ಫೆಬ್ರವರಿ 11ಕ್ಕೆ ಫಕ್ರುದ್ದೀನ್ ಅಲಿ ಅಹ್ಮದ್ ತೀರಿಕೊಂಡಾಗ ಹಂಗಾಮಿ ರಾಷ್ಟ್ರಪತಿಯಾಗಿ ಜುಲೈ 25ರವರೆಗೆ ಇದ್ದರು. ತುರ್ತುಪರಿಸ್ಥಿತಿ ಮುಗಿದು, ಇಂದಿರಾ ಗಾಂಧಿ ಸೋತು, ಮಾರ್ಚ್ 24ಕ್ಕೆ ಹೊಸ ಪ್ರಧಾನಿ ಪ್ರಮಾಣವಚನಕ್ಕೆ ಬಂದು ನಿಂತರು. ಬೋಧಿಸಿದವರು ಜತ್ತಿ, ಎದುರಿಗೆ ನಿಂತವರು ಮೊರಾರ್ಜಿ ದೇಸಾಯಿ, ಇಪ್ಪತ್ತೈದು ವರ್ಷದ ಹಿಂದೆ ಮುಂಬಯಿಯಲ್ಲಿ ಇವರಿಗೆ ಮುಖ್ಯಮಂತ್ರಿಯಾಗಿದ್ದವರು. ಜತ್ತಿಯವರು ಒಂಬತ್ತು ರಾಜ್ಯಗಳ ವಿಧಾನಸಭೆ ವಿಸರ್ಜನೆಯ ಆದೇಶಕ್ಕೆ ಕೂಡಲೇ ಸಹಿ ಹಾಕದೆ ತಡೆದರು ಅಂತ ಆಗ ಗದ್ದಲವೂ ಆಯಿತು, ಆಮೇಲೆ ಹಾಕಿದರು. 2002ರ ಜೂನ್ 7ಕ್ಕೆ ಬೆಂಗಳೂರಿನಲ್ಲಿ ತೀರಿಕೊಂಡರು.

ಅಜ್ಜನ ಅರ್ಜಿ 1981ರಲ್ಲಿ ಇತ್ಯರ್ಥವಾಯಿತು. ಉಳಿದ ನಾಲ್ಕು ಎಕರೆ ಅವರ ಹೆಸರಿಗೆ ಬಂತು. ತಗಡಿನ ಟ್ರಂಕಿನಲ್ಲಿ ಆ ಆದೇಶದ ಪ್ರತಿ ಇನ್ನೂ ಇದೆ, ಮಡಿಕೆ ಬಿದ್ದ ಕಡೆ ಹರಿದು ಅಜ್ಜಿ ಅಂಟು ಹಚ್ಚಿ ಹಿಂದೆ ಹಳೇ ಕ್ಯಾಲೆಂಡರಿನ ಕಾಗದ ಅಂಟಿಸಿದ್ದಾಳೆ. ಅದರ ಮೇಲ್ಗಡೆ ಕಾಯ್ದೆಯ ಹೆಸರಿನ ಪಕ್ಕದಲ್ಲಿ ಅಚ್ಚಾಗಿರುವ ಇಸವಿ 1961.