ಓದುಗರ ಪ್ರಶ್ನೆ: ಆಟಿಯಾ ಅಷ್ಟು ಕೆಟ್ಟವಳಿದ್ದಳೇ?

ಪ್ರಶ್ನೆ: ‘ರೋಮ್’ ಧಾರಾವಾಹಿಯಲ್ಲಿ ಆಕ್ಟೇವಿಯನ್‌ನ ತಾಯಿ ಆಟಿಯಾ ಮಾರ್ಕ್ ಆಂಟನಿಯ ಪ್ರೇಯಸಿ. ಸ್ವಂತ ಅಳಿಯನನ್ನೇ ಕೊಲ್ಲಿಸುತ್ತಾಳೆ. ಇತಿಹಾಸದಲ್ಲೂ ಹೀಗೇ ಇದೆಯೇ? (ಮೈಸೂರು)

ಉತ್ತರ: ಇಲ್ಲ, ಹೆಚ್ಚುಕಡಿಮೆ ತದ್ವಿರುದ್ಧವಾಗಿದೆ. 2005ರಿಂದ 2007ರವರೆಗೆ ಬಂದ ಆ ಧಾರಾವಾಹಿಯಲ್ಲಿ ಪಾಲಿ ವಾಕರ್ ಮಾಡಿದ ಪಾತ್ರ ನೋಡಲು ಸೊಗಸು. ಆದರೆ ಅದರಲ್ಲಿ ನಿಜವಾದ ಆಟಿಯಾ ಎಂದರೆ ಹೆಸರು ಮತ್ತು ಮಕ್ಕಳು, ಅಷ್ಟೇ. ಆಕೆ ಜೂಲಿಯಸ್ ಸೀಸರನ ಸೋದರಿಯ ಮಗಳು. ಮೊದಲ ಗಂಡ ಗೇಯಸ್ ಆಕ್ಟೇವಿಯಸ್ ಕ್ರಿ.ಪೂ. 59ರಲ್ಲಿ ತೀರಿಕೊಂಡಾಗ ಮಗನಿಗೆ, ಅಂದರೆ ಮುಂದೆ ಅಗಸ್ಟಸ್ ಚಕ್ರವರ್ತಿಯಾದ ಆಕ್ಟೇವಿಯನ್‌ಗೆ, ನಾಲ್ಕು ವರ್ಷ. ಆಮೇಲೆ ಆಕೆ ಲೂಸಿಯಸ್ ಮಾರ್ಸಿಯಸ್ ಫಿಲಿಪ್ಪಸ್‌ನನ್ನು ಮದುವೆಯಾದಳು. ಕ್ರಿ.ಪೂ. 56ರಲ್ಲಿ ಕಾನ್ಸಲ್, ಅಂದರೆ ರೋಮಿನ ಅತ್ಯುನ್ನತ ಅಧಿಕಾರಿ, ಆದ, ಎಲ್ಲಿಯೂ ಮೈಮೇಲೆ ಎಳೆದುಕೊಳ್ಳದ ಜಾಗರೂಕ ಮನುಷ್ಯ ಆತ. ಧಾರಾವಾಹಿ ಈ ಗಂಡನನ್ನೇ ಕೈಬಿಟ್ಟು ಆಕೆಯನ್ನು ವಿಧವೆ ಮಾಡಿತು. ಗಂಡ ಮನೆಯಲ್ಲಿ ಕೂತಿದ್ದರೆ ಆಂಟನಿ ಬಂದುಹೋಗುವುದು ಹೇಗೆ?

ರೋಮಿನ ಇತಿಹಾಸಕಾರ ಟ್ಯಾಸಿಟಸ್‌ನ ಒಂದು ಸಂವಾದದಲ್ಲಿ, ಮಕ್ಕಳನ್ನು ದಾದಿಯರ ಕೈಗೆ ಬಿಡದೆ ತಾವೇ ಬೆಳೆಸಿದ ತಾಯಂದಿರ ಸಾಲಿನಲ್ಲಿ ಆಟಿಯಾಳ ಹೆಸರಿದೆ. ಸೀಸರನ ಕೊಲೆಯಾದ ಮೇಲೆ ಅವನ ಆಸ್ತಿ, ಹೆಸರು ಎರಡನ್ನೂ ಮಗ ಒಪ್ಪಿಕೊಳ್ಳುವುದರ ಬಗ್ಗೆ ಆಕೆಗೆ ಹಿಂಜರಿಕೆ ಇತ್ತು. ಮರುವರ್ಷ ಅದೇ ಮಗ ಸೈನ್ಯ ಕಟ್ಟಿಕೊಂಡು ರೋಮಿನ ಬಾಗಿಲಿಗೆ ಬಂದಾಗ ಆಕೆ ಮಗಳೊಂದಿಗೆ ವೆಸ್ಟಾ ದೇಗುಲದ ಕನ್ಯೆಯರ ಬಳಿ ಅಡಗಿದ್ದಳು ಎಂದು ಇತಿಹಾಸಕಾರ ಅಪ್ಪಿಯನ್ ಬರೆಯುತ್ತಾನೆ. ಆ ವರ್ಷವೇ, ಕ್ರಿ.ಪೂ. 43ರಲ್ಲಿ, ತೀರಿಕೊಂಡಳು. ಧಾರಾವಾಹಿಯ ಆಟಿಯಾ ಕ್ಲಿಯೋಪಾತ್ರ ಸತ್ತ ಮೇಲೂ ಬದುಕಿರುತ್ತಾಳೆ. ಅಂದರೆ ಹದಿಮೂರು ವರ್ಷಕ್ಕೂ ಮಿಕ್ಕಿದ ಆಯುಸ್ಸು ಬರೀ ಕಲ್ಪನೆ.

ಹಾಗೆಂದು ಟ್ಯಾಸಿಟಸ್‌ನ ಮಾತೇ ವೇದವಾಕ್ಯವಲ್ಲ. ಚಕ್ರವರ್ತಿಯ ತಾಯಿಯನ್ನು ಹೊಗಳುವುದು ಆ ಕಾಲದ ರೂಢಿ. ಹಾವಿನ ರೂಪದಲ್ಲಿ ಅಪೊಲೊ ಬಂದು ಮಗನನ್ನು ಕೊಟ್ಟ ಎಂಬ ಕಥೆಯನ್ನೂ ಚಕ್ರವರ್ತಿಗಳ ಜೀವನಚರಿತ್ರೆಕಾರ ಸ್ವಿಟೋನಿಯಸ್ ಬರೆದಿಟ್ಟಿದ್ದಾನೆ!

ಪ್ರಶ್ನೆ: ಹಾಗಾದರೆ ಆ ಹಟ, ಕ್ರೌರ್ಯವೆಲ್ಲ ಯಾರದ್ದು? (ಧಾರವಾಡ)

ಉತ್ತರ: ಇಬ್ಬರನ್ನು ನೆನಪಿಗೆ ತರುತ್ತದೆ. ಒಬ್ಬಳು ಅದೇ ಕಾಲದ ದೊಡ್ಡ ಮನೆತನದ ಕ್ಲೋಡಿಯಾ. ಕ್ರಿ.ಪೂ. 56ರಲ್ಲಿ ಕೇಲಿಯಸ್ ಎಂಬ ಆರೋಪಿಯ ಪರ ನ್ಯಾಯಾಲಯದಲ್ಲಿ ವಾದಿಸುತ್ತ ವಾಗ್ಮಿ ಸಿಸೆರೊ ಆಕೆಯ ಮಾನ ಹರಾಜು ಹಾಕಿದ. ಎದುರಾಳಿ ವಕೀಲನ ಮಾತನ್ನು ಎಷ್ಟು ನಂಬಬೇಕೋ ಅಷ್ಟೇ ನಂಬಿ. ಇನ್ನೊಬ್ಬಳು ಫುಲ್ವಿಯಾ, ಆಂಟನಿಯ ನಿಜವಾದ ಹೆಂಡತಿ, ಧಾರಾವಾಹಿಯಲ್ಲಿ ನಾಪತ್ತೆ. ಕ್ರಿ.ಪೂ. 41ರಲ್ಲಿ ಆಕೆಯ ಪಕ್ಷದವರನ್ನು ಆಕ್ಟೇವಿಯನ್ ಇಟಲಿಯ ಪೆರೂಸಿಯಾ ಊರಿನಲ್ಲಿ ಮುತ್ತಿದಾಗ ಕವಣೆಯಿಂದ ಬೀಸಿದ ಸೀಸದ ಗುಂಡುಗಳು ಸಿಕ್ಕಿವೆ. ಹೆಬ್ಬೆರಳಿನಷ್ಟು ದಪ್ಪದ ಆ ಗುಂಡುಗಳ ಮೇಲೆ ಫುಲ್ವಿಯಾಳ ಹೆಸರು ಹಿಡಿದು ಕೆತ್ತಿದ ಪೋಲಿ ಬೈಗುಳಗಳಿವೆ. ಇಲ್ಲಿ ಅಚ್ಚು ಹಾಕುವಂಥವಲ್ಲ.

ಪ್ರಶ್ನೆ: ಮೊದಲ ಕಂತಿನಲ್ಲಿ ಆಟಿಯಾ ಹೋರಿಯ ರಕ್ತದಲ್ಲಿ ಮೀಯುತ್ತಾಳೆ. ಅಂಥ ಪದ್ಧತಿ ಇತ್ತೇ? (ಉಡುಪಿ)

ಉತ್ತರ: ಆಕೆಯ ಕಾಲದ್ದಲ್ಲ. ಈ ರಕ್ತಸ್ನಾನ ಯಾರ ಪೂಜೆಯದೋ ಆ ಮಹಾಮಾತೆ ಸಿಬೆಲೆ ದೇವಿಯನ್ನು ರೋಮಿಗೆ ತಂದದ್ದು ಕ್ರಿ.ಪೂ. 204ರಲ್ಲಿ, ಅದು ಸರಿ. ಆದರೆ ಆ ದೇವಿಗೆ ಹೋರಿ ಬಲಿ ಕೊಟ್ಟದ್ದನ್ನು ಹೇಳುವ ಶಾಸನಗಳು ಕ್ರಿ.ಶ. 2ನೇ ಶತಮಾನದಿಂದ ಈಚಿನವು. ಗುಂಡಿಯಲ್ಲಿ ನಿಂತು ಮೇಲಿನಿಂದ ಸುರಿವ ರಕ್ತದಲ್ಲಿ ತೋಯುವ ವರ್ಣನೆ ಕ್ರಿ.ಶ. 400ರ ಆಸುಪಾಸಿನ ಪ್ರುಡೆನ್ಷಿಯಸ್‌ನದು. ಅವನು ಕ್ರೈಸ್ತ ಕವಿ, ಹಳೆಯ ಪೂಜೆಗಳನ್ನು ಹೀಗಳೆಯಲೆಂದೇ ಬರೆದವನು.

ಪ್ರಶ್ನೆ: ‘ಜೂಲಿಯರ ಆಟಿಯಾ’ ಎಂದು ಆಕೆಯನ್ನು ಕರೆಯುವುದು ಸರಿಯೇ? (ಹಾಸನ)

ಉತ್ತರ: ತಪ್ಪು. ರೋಮಿನ ಹೆಣ್ಣುಮಗಳಿಗೆ ತಂದೆಯ ಕುಲದ ಹೆಸರೇ ಹೆಸರು. ತಂದೆ ಆಟಿಯಸ್, ಮಗಳು ಆಟಿಯಾ. ಜೂಲಿಯಸ್ ಕುಲ ತಾಯಿಯ ತವರು.

ಪ್ರಶ್ನೆ: ಕಾಲೇಜು ನಾಟಕದಲ್ಲಿ ಆಟಿಯಾಳ ಪಾತ್ರವಿದೆ. ಟೋಗಾ ಹೊಲಿಸಬೇಕೆಂದಿದ್ದೇವೆ. ಎಷ್ಟು ಬಟ್ಟೆ ಬೇಕು? (ಶಿವಮೊಗ್ಗ)

ಉತ್ತರ: ದಯವಿಟ್ಟು ಟೋಗಾ ಬೇಡ. ಅದು ಗಂಡಸರ ಉಡುಪು. ಆ ಕಾಲದಲ್ಲಿ ಹೆಂಗಸಿಗೆ ಟೋಗಾ ತೊಡಿಸಿದರೆ ವೇಶ್ಯೆ ಎಂದರ್ಥ. ಗೃಹಿಣಿಗೆ ಬೇಕಾದವು ಮೂರು: ಒಳಗೆ ಟ್ಯೂನಿಕ್ ಎಂಬ ನಿಲುವಂಗಿ, ಅದರ ಮೇಲೆ ಭುಜದಲ್ಲಿ ಪಟ್ಟಿಯಿರುವ ಸ್ಟೋಲಾ, ಹೊರಗೆ ಹೊದೆಯಲು ಪಲ್ಲಾ.

ಐದೂಕಾಲು ಅಡಿ ಎತ್ತರದವರಿಗೆ ಸ್ಟೋಲಾಗೆ 45 ಇಂಚು ಪನ್ನದ ಬಟ್ಟೆ ಮೂರೂಕಾಲು ಮೀಟರ್ ಸಾಕು. ಎರಡು ತುಂಡು ಮಾಡಿ, ಕಂಕುಳವರೆಗೆ ಎರಡೂ ಬದಿ ಹೊಲಿದು, ಮೇಲೆ ಪಟ್ಟಿ ಕೊಡಿ. ಭುಜದಿಂದ ನೆಲದವರೆಗಿನ ಅಳತೆಗಿಂತ 20 ಸೆಂ.ಮೀ. ಹೆಚ್ಚಿಡಿ, ದಾರ ಕಟ್ಟಿದ ಮೇಲೆ ಅಷ್ಟನ್ನು ಮೇಲೆಳೆದು ಉಬ್ಬಿಸಬೇಕು. ದಾರ ಎದೆಯ ಕೆಳಗೇ ಬರಲಿ. ಸೊಂಟಕ್ಕೆ ಕಟ್ಟಿದರೆ, ಇಲ್ಲವೇ ಕಟ್ಟುವುದನ್ನು ಮರೆತರೆ, ಥೇಟ್ ನೈಟಿ!

ಪಲ್ಲಾಗೆ ಅಂಚು ಕಾಣದ ಹಳೆಯ ಹತ್ತಿ ಸೀರೆಯನ್ನು ನಡುವೆ ಕತ್ತರಿಸಿದರೆ ಇಬ್ಬರಿಗಾಗುತ್ತದೆ. ಒಂದು ತುದಿಯನ್ನು ಎಡಭುಜದಿಂದ ಮುಂದೆ ಮಂಡಿಯವರೆಗೆ ಇಳಿಬಿಡಿ. ಉಳಿದದ್ದನ್ನು ಬೆನ್ನ ಹಿಂದಿನಿಂದ ಬಲಗಂಕುಳ ಕೆಳಗೆ ತಂದು, ಹೊಟ್ಟೆಯ ಮೇಲೆ ಹಾಯಿಸಿ ಎಡ ಮುಂಗೈ ಮೇಲೆ ಹಾಕಿ. ಹೊರಗೆ ಹೋಗುವ ದೃಶ್ಯವಾದರೆ ಬೆನ್ನಿನ ಭಾಗವನ್ನು ತಲೆಗೆಳೆದುಕೊಳ್ಳಲಿ. ಸಿಂಥೆಟಿಕ್ ಸೀರೆ ಬೇಡ, ಎರಡು ಹೆಜ್ಜೆಗೇ ಜಾರುತ್ತದೆ. ಜಾರುತ್ತದೆಂದು ಪಿನ್ನು ಚುಚ್ಚಬೇಡಿ. ಎಡಗೈ ಬಟ್ಟೆ ಹಿಡಿಯುವುದರಲ್ಲೇ ಇರಬೇಕು. ಕೆಲಸಕ್ಕೆ ಆಳುಗಳಿದ್ದಾರೆ, ತನ್ನ ಕೈಗೆ ಕೆಲಸವಿಲ್ಲ ಎಂದು ಆ ಹೆಂಗಸು ತೋರಿಸಿಕೊಳ್ಳುತ್ತಿದ್ದುದೇ ಹಾಗೆ.

ಕೂದಲಿಗೆ ಕ್ರಿ.ಪೂ. 40ರ ಸುಮಾರಿಗೆ ಬಂದ ‘ನೋಡಸ್’ ಎಂಬ ಕೇಶವಿನ್ಯಾಸ ಮಾಡಿ. ಆಟಿಯಾಳ ಮಗಳ ಶಿಲ್ಪಗಳಲ್ಲಿ ಕಾಣುವುದು ಅದೇ. ಮುಂದಲೆಯ ನಡುಭಾಗದ ಕೂದಲನ್ನು ಹಣೆಯ ಕಡೆ ಬಾಚಿ, ಹಿಂದಕ್ಕೆ ಮಡಚಿ ಉಬ್ಬಿಸಿ, ತುದಿಯನ್ನು ಜಡೆ ಹೆಣೆದು ನೆತ್ತಿಯ ಮೇಲಿಂದ ಹಿಂದಿನ ತುರುಬಿಗೆ ಸೇರಿಸಬೇಕು. ಉಬ್ಬು ಕುಸಿದರೆ ಒಳಗೆ ತುಸು ಚೌರಿ ಇಡಿ. ಅದೇ ದಿನ ಶಾಂಪೂ ಹಾಕಿದ ಕೂದಲು ನಿಲ್ಲುವುದಿಲ್ಲ, ಹಿಂದಿನ ದಿನವೇ ತೊಳೆದಿರಲಿ. ಕ್ಲಿಪ್ಪಿನ ಬದಲು ಮೊಂಡು ಸೂಜಿಯಲ್ಲಿ ಉಣ್ಣೆಯ ದಾರ ಪೋಣಿಸಿ ಜಡೆಯನ್ನು ತುರುಬಿಗೆ ಹೊಲಿದುಬಿಡಿ, ನಾಟಕ ಮುಗಿಯುವವರೆಗೂ ಅಲುಗುವುದಿಲ್ಲ. ಬಿಚ್ಚುವಾಗ ದಾರ ಮಾತ್ರ ಕತ್ತರಿಸಬೇಕು, ಆದ್ದರಿಂದ ಕೂದಲಿನ ಬಣ್ಣದ ದಾರ ಬೇಡ.